ಮೂರನೇ ಮಹಡಿಯ ಮೀನು ಸಾರು ಮತ್ತು ಸಂಘದ ಹೊಸ ನಿಯಮ

ಪ್ರಶ್ನೆ: ಬೆಂಗಳೂರಿನ ಹೊರವಲಯದಲ್ಲಿರುವ 64 ಮನೆಗಳ ಅಪಾರ್ಟ್‌ಮೆಂಟ್ ನಮ್ಮದು. ಯಾರೂ ಮುಂದೆ ಬರಲಿಲ್ಲ ಅಂತ ಸಂಘದ ಕಾರ್ಯದರ್ಶಿ ಕೆಲಸವನ್ನು ನನ್ನ ತಲೆಗೆ ಕಟ್ಟಿದ್ದಾರೆ. ಕನ್ನಡ, ತೆಲುಗು, ತಮಿಳು, ಮಲಯಾಳ, ಬಂಗಾಳಿ ಮಾತಾಡುವ ಎಲ್ಲರೂ ಇದ್ದೇವೆ. ಒಂಬತ್ತು ಮುಸ್ಲಿಂ ಮನೆ, ಐದು ಕ್ರೈಸ್ತ ಮನೆ, ಎರಡು ಜೈನ ಮನೆ ಇವೆ. ಮೊದಲೆಲ್ಲ ಚೆನ್ನಾಗಿತ್ತು. ಈಗ ಒಂದು ವರ್ಷದಿಂದ ಬರೀ ಜಗಳ. ಮೂರನೇ ಮಹಡಿಯಿಂದ ಮೀನಿನ ವಾಸನೆ ಬರುತ್ತದೆ ಅಂತ ದೂರು. ಗಣೇಶನ ಹಬ್ಬದ ಮೈಕು ಜೋರು ಅಂತ ಇನ್ನೊಂದು. ರಂಜಾನ್ ತಿಂಗಳಲ್ಲಿ ಮಕ್ಕಳು ನಡುರಾತ್ರಿ ಕೆಳಗೆ ಆಡುತ್ತಾರೆ ಅಂತ ಮತ್ತೊಂದು. ಬಕ್ರೀದ್‌ಗೆ ಯಾರೋ ಬೇಸ್‌ಮೆಂಟಿನಲ್ಲಿ ಕುರಿ ಕಟ್ಟಿದರು, ಅದು ದೊಡ್ಡ ರಾದ್ಧಾಂತವಾಯಿತು. ಇನ್ನು ಮುಂದೆ ಸಸ್ಯಾಹಾರಿಗಳಿಗೆ ಮಾತ್ರ ಬಾಡಿಗೆ ಕೊಡಬೇಕು ಅಂತ ನಿಯಮ ತರಲು ಕೆಲವರು ಹೊರಟಿದ್ದಾರೆ. ಮುಂದಿನ ತಿಂಗಳು ಸರ್ವಸದಸ್ಯರ ಸಭೆ. ಅದಕ್ಕೆ ಮೊದಲು ಒಬ್ಬ ಸ್ವಾಮೀಜಿ, ಒಬ್ಬ ಮೌಲ್ವಿ, ಒಬ್ಬ ಫಾದರ್ ಕರೆಸಿ ಸೌಹಾರ್ದದ ಕಾರ್ಯಕ್ರಮ ಮಾಡೋಣ ಅಂತ ನನ್ನ ಯೋಚನೆ. ಸರಿಯಾ?

ಉತ್ತರ:

ಕಾರ್ಯಕ್ರಮ ಬೇಡ ಅನ್ನುವುದಿಲ್ಲ. ಆದರೆ ಸ್ವಾಮೀಜಿಗಿಂತ ಮೊದಲು ಒಬ್ಬ ಪ್ಲಂಬರ್‌ನನ್ನು ಕರೆಸಿ.

ತಮಾಷೆಗೆ ಹೇಳುತ್ತಿಲ್ಲ. ಮನೆ, ಗೋಡೆ, ನೀರು, ಬಾಡಿಗೆ, ಇಂಥ ಜಗಳಗಳಲ್ಲಿ ಮಧ್ಯೆ ಕೂತು ಮಾತಾಡಿಸುವುದೇ ನನ್ನ ಕೆಲಸ. ವರ್ಷಗಟ್ಟಲೆ ಇದನ್ನೇ ಮಾಡಿ ಒಂದು ವಿಷಯ ಗಮನಿಸಿದ್ದೇನೆ. ನನ್ನ ಮುಂದೆ ಬಂದು ಕೂರುವ ಹೊತ್ತಿಗೆ ಹೆಚ್ಚಿನ ಜಗಳಗಳ ಹೆಸರು ಬದಲಾಗಿರುತ್ತದೆ. ಸದ್ದಿನ ಜಗಳವಾಗಿ ಹುಟ್ಟಿದ್ದು 'ಅವರ ಹಬ್ಬ' ಆಗಿರುತ್ತದೆ. ವಾಸನೆಯ ಜಗಳವಾಗಿ ಹುಟ್ಟಿದ್ದು 'ಅವರ ಊಟ' ಆಗಿರುತ್ತದೆ. ಒಮ್ಮೆ ಹೆಸರು ಬದಲಾಯಿತೆಂದರೆ ಮುಗಿಯಿತು. ಸದ್ದನ್ನು ತಗ್ಗಿಸಬಹುದು, ವಾಸನೆಯನ್ನು ತಡೆಯಬಹುದು. 'ಅವರನ್ನು' ಏನು ಮಾಡುತ್ತೀರಿ?

ನಿಮ್ಮ ಪತ್ರವನ್ನೇ ನೋಡಿ. ಮುಸ್ಲಿಂ ಮನೆ ಎಷ್ಟು, ಕ್ರೈಸ್ತ ಮನೆ ಎಷ್ಟು ಅಂತ ಲೆಕ್ಕ ಕೊಟ್ಟಿದ್ದೀರಿ. ಮೀನು ಮಾಡುವವರು ಯಾರು ಅಂತ ಮಾತ್ರ ಹೇಳಿಲ್ಲ. ನಾನು ಊಹಿಸಲಾ? ಬಂಗಾಳಿ ಮನೆ ಇರಬೇಕು, ಇಲ್ಲಾಂದರೆ ನಮ್ಮ ಕರಾವಳಿಯವರು. ಬಂಟರೋ, ಬಿಲ್ಲವರೋ, ಮೊಗವೀರರೋ, ಗೌಡ ಸಾರಸ್ವತರೋ. ಬಂಗುಡೆ, ಭೂತಾಯಿ ಇಲ್ಲದೆ ಅವರಿಗೆ ಅನ್ನ ಇಳಿಯುವುದಿಲ್ಲ. ನನ್ನ ಊಹೆ ಸರಿಯಾದರೆ, ಅವರ ಮನೆಯ ಸಾರಿನಿಂದ ಹುಟ್ಟಿದ ಸಿಟ್ಟು ಬೇರೆ ಯಾರದೋ ಮನೆ ಬಾಗಿಲಿಗೆ ಹೋಗಿ ನಿಂತಿದೆ.

ಹಾಗಾಗಿ ಪ್ಲಂಬರ್. ಅಪಾರ್ಟ್‌ಮೆಂಟಿನಲ್ಲಿ ಒಂದರ ಮೇಲೊಂದು ಇರುವ ಅಡುಗೆಮನೆಗಳ ಹೊಗೆ ಸಾಮಾನ್ಯವಾಗಿ ಒಂದೇ ಶಾಫ್ಟ್‌ಗೆ ಹೋಗುತ್ತದೆ. ಬಿಸಿ ಗಾಳಿ ಮೇಲೇರಿ ಟೆರೇಸಿನಿಂದ ಹೊರಗೆ ಹೋಗಬೇಕು. ಪಾರಿವಾಳ ಬರುತ್ತವೆ, ಮಳೆ ಬೀಳುತ್ತದೆ ಅಂತ ಯಾರೋ ಮೇಲೆ ಶೀಟ್ ಹೊದಿಸಿಬಿಟ್ಟಿರುತ್ತಾರೆ. ಆಗ ಗಾಳಿ ಎಲ್ಲಿಗೆ ಹೋಗಬೇಕು? ಮೇಲಿನ ಮನೆಯ ಚಿಮಣಿ ಪೈಪಿನಲ್ಲಿ ಹಿಂದಕ್ಕೆ ಬರುವ ಗಾಳಿ ತಡೆಯುವ ಮುಚ್ಚಳ ಇಲ್ಲದಿದ್ದರೆ ಸೀದಾ ಅವರ ಅಡುಗೆಮನೆಗೆ. ಇನ್ನೂ ಒಂದು ಸಾಧ್ಯತೆ ಇದೆ. ಬಳಸದ ಬಚ್ಚಲಿನ ನೆಲದಲ್ಲಿ ನೀರು ಹೋಗುವ ಫ್ಲೋರ್ ಟ್ರ್ಯಾಪ್‌ನಲ್ಲಿ ನೀರು ಒಣಗಿದ್ದರೆ ಚರಂಡಿ ಪೈಪಿನ ನಾತವೆಲ್ಲ ಮನೆಯೊಳಗೆ ಬರುತ್ತದೆ. ಒಂದು ಚೊಂಬು ನೀರು ಹಾಕಿದರೆ ಮುಗಿಯುವ ಕೆಲಸ ಅದು. ನಾನು ಕಂಡ ಒಂದು ಪ್ರಕರಣದಲ್ಲಿ ಆರು ತಿಂಗಳು 'ಮೀನಿನ ವಾಸನೆ' ಅಂತ ಕೂಗಾಡಿದ್ದು ಇದಕ್ಕೇ. ಮೀನು ಮಾಡುತ್ತಾರೆ ಅಂತ ದೂರಿಸಿಕೊಂಡ ಕೆಳಗಿನ ಮನೆಯವರು ಮೂರು ತಿಂಗಳಿನಿಂದ ಊರಲ್ಲೇ ಇರಲಿಲ್ಲ!

ಮೀನಿನದೇ ವಾಸನೆ ಅಂತ ಖಾತ್ರಿಯಾದರೂ ಅದು ಯಾವಾಗಿನ ವಾಸನೆ ಅಂತ ಕೇಳಿ. ಮೀನು ಬೇಯುವ ವಾಸನೆ ಒಂದು ಗಂಟೆ ಇರುತ್ತದೆ. ಭಾನುವಾರ ಮಧ್ಯಾಹ್ನ ಮೀನು ಹೆಚ್ಚಿ, ತಲೆ, ಹೊಟ್ಟೆ, ಹುರುಪೆಯನ್ನು ಡಬ್ಬಿಗೆ ಹಾಕಿ ಸೋಮವಾರ ಬೆಳಿಗ್ಗೆ ತನಕ ಕಾರಿಡಾರಿನಲ್ಲಿ ಇಟ್ಟರೆ ರಾತ್ರಿಯಿಡೀ ಇರುತ್ತದೆ. ಇದಕ್ಕೆ ಬೇಕಿರುವುದು ಭಾನುವಾರ ಸಂಜೆ ಹಸಿ ಕಸ ಇನ್ನೊಂದು ಸಲ ಒಯ್ಯುವ ವ್ಯವಸ್ಥೆ. ಹೌಸ್‌ಕೀಪಿಂಗ್‌ನವರಿಗೆ ಆ ಹೆಚ್ಚಿನ ಕೆಲಸಕ್ಕೆ ಹೆಚ್ಚಿನ ದುಡ್ಡು ಕೊಡಬೇಕು, ಅಷ್ಟೇ.

ಇಲ್ಲಿ ಸಿಂಗಪುರದ ಒಂದು ಪ್ರಸಂಗ ಹೇಳಬೇಕು. ಆ ದೇಶದ ಬಹುಪಾಲು ಜನ ಸರ್ಕಾರ ಕಟ್ಟಿಸಿದ ಫ್ಲಾಟುಗಳಲ್ಲಿ ಇರುತ್ತಾರೆ. 1964ರಲ್ಲಿ ಅಲ್ಲಿ ಚೀನೀಯರಿಗೂ ಮಲಯರಿಗೂ ದೊಡ್ಡ ಗಲಭೆ ಆಗಿತ್ತು. ಒಂದೊಂದು ಜನಾಂಗ ಒಂದೊಂದು ಕೇರಿ ಕಟ್ಟಿಕೊಳ್ಳಬಾರದು ಅಂತ 1989ರಲ್ಲಿ ಅವರು ಪ್ರತಿ ಬ್ಲಾಕಿನಲ್ಲೂ ಯಾವ ಜನಾಂಗದವರು ಎಷ್ಟಿರಬಹುದು ಅಂತ ಮಿತಿ ಹಾಕಿದರು. ಅಕ್ಕಪಕ್ಕ ಕೂರಿಸುವ ಕೆಲಸ ಸರ್ಕಾರ ಮಾಡಿತು. ಕೂತ ಮೇಲೆ ಏನಾಯಿತು? 2011ರಲ್ಲಿ ಪತ್ರಿಕೆಯಲ್ಲಿ ಒಂದು ಸುದ್ದಿ ಬಂತು. ಚೀನಾದಿಂದ ಹೊಸದಾಗಿ ಬಂದ ಒಂದು ಕುಟುಂಬಕ್ಕೆ ಪಕ್ಕದ ಭಾರತೀಯ ಮೂಲದವರ ಮನೆಯ 'ಕರಿ', ಅಂದರೆ ಮಸಾಲೆ ಸಾರಿನ ವಾಸನೆ ತಡೆಯಲಾಗಲಿಲ್ಲ. ಈ ಮನೆಯವರು ಬಾಗಿಲು, ಕಿಟಕಿ ಮುಚ್ಚಿ ಅಡುಗೆ ಮಾಡಿದರು. ಸಾಕಾಗಲಿಲ್ಲ. ಜಗಳ ಸಮುದಾಯ ಮಧ್ಯಸ್ಥಿಕೆ ಕೇಂದ್ರಕ್ಕೆ ಹೋಯಿತು. ಚೀನೀ ಕುಟುಂಬ ಮನೆಯಲ್ಲಿ ಇಲ್ಲದಾಗ ಮಾತ್ರ ಕರಿ ಮಾಡುವುದು, ಪ್ರತಿಯಾಗಿ ಅವರು ಒಂದು ಸಲವಾದರೂ ಇವರ ಕರಿ ರುಚಿ ನೋಡುವುದು, ಹೀಗೆ ಒಪ್ಪಂದವಾಯಿತು.

ಆ ಎರಡು ಮನೆಗಳ ಮಟ್ಟಿಗೆ ಅದು ಮುಗಿದ ಕಥೆ. ಸುದ್ದಿ ಬರುವ ಹೊತ್ತಿಗೆ ಅದು ಕೆಲವು ವರ್ಷ ಹಳೆಯ ಪ್ರಕರಣ. ಸುದ್ದಿ ಹೊರಗೆ ಬಂದಾಗ ಮಾತ್ರ ಇಡೀ ಸಿಂಗಪುರ ಸಿಟ್ಟಿಗೆದ್ದಿತು. ಆಗಸ್ಟ್ 21ರ ಭಾನುವಾರ ಎಲ್ಲರೂ ಮನೆಯಲ್ಲಿ ಕರಿ ಮಾಡೋಣ ಅಂತ ಫೇಸ್‌ಬುಕ್‌ನಲ್ಲಿ ಕರೆ ಹೋಯಿತು. ಸಾವಿರಾರು ಜನ ಸೇರಿದರು. ಅಲ್ಲೇ ಹುಟ್ಟಿ ಬೆಳೆದ ಚೀನೀಯರೂ ಮಲಯರೂ ಸೇರಿದ್ದರು.

ಆ ಒಪ್ಪಂದದಲ್ಲಿ ತಪ್ಪಿದ್ದು ಎಲ್ಲಿ? ನನ್ನ ಪ್ರಕಾರ, ಹೊರೆ ಪೂರ್ತಿ ಒಂದೇ ಕಡೆ ಬಿತ್ತು. ಒಬ್ಬರು ತಮ್ಮ ಮನೆಯ ಒಲೆ ಹಚ್ಚಲು ಇನ್ನೊಬ್ಬರು ಹೊರಗೆ ಹೋಗುವ ಹೊತ್ತು ಕಾಯಬೇಕು. ಅವರೇ ಖುಷಿಯಿಂದ ಒಪ್ಪಿಕೊಂಡಿದ್ದರೂ ನೋಡುವವರ ಕಣ್ಣಿಗೆ ಅದು ಸೋಲು. ನಿಮ್ಮ ಸಭೆಯಲ್ಲಿ ಯಾವುದೇ ಪರಿಹಾರ ಬಂದರೂ ಈ ಒಂದು ಪ್ರಶ್ನೆ ಕೇಳಿಕೊಳ್ಳಿ: ಇದರಲ್ಲಿ ಇಬ್ಬರೂ ಏನಾದರೂ ಮಾಡುತ್ತಿದ್ದಾರಾ? ಮೀನಿನ ಮನೆಯವರು ಚಿಮಣಿ ಹಚ್ಚಿ ಕಾರಿಡಾರಿನ ಬಾಗಿಲು ಹಾಕಿಕೊಳ್ಳುತ್ತಾರೆ. ಮೇಲಿನ ಮನೆಯವರು ತಮ್ಮ ಪೈಪಿಗೆ ಮುಚ್ಚಳ ಹಾಕಿಸುತ್ತಾರೆ. ಸಂಘ ಟೆರೇಸಿನ ಶೀಟ್ ತೆಗೆಸಿ ಬಲೆ ಹಾಕಿಸುತ್ತದೆ. ಮೂವರ ಕೈಯೂ ಅದರಲ್ಲಿದೆ.

ಸದ್ದಿನ ವಿಷಯ ಸುಲಭ, ಬೇಗ ಮುಗಿಸುತ್ತೇನೆ. 2000ನೇ ಇಸವಿಯ ಶಬ್ದಮಾಲಿನ್ಯ ನಿಯಮಗಳು ಇವೆ. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಬಯಲಿನಲ್ಲಿ ಧ್ವನಿವರ್ಧಕ ಬಳಸುವಂತಿಲ್ಲ. ವಸತಿ ಪ್ರದೇಶದಲ್ಲಿ ಹಗಲು 55 ಡೆಸಿಬೆಲ್, ರಾತ್ರಿ 45 ಡೆಸಿಬೆಲ್ ಮಿತಿ. ಹಬ್ಬಗಳಿಗೆ ಅಂತ ರಾಜ್ಯ ಸರ್ಕಾರ ವರ್ಷಕ್ಕೆ ಹೆಚ್ಚೆಂದರೆ 15 ದಿನ ರಾತ್ರಿ 12ರ ತನಕ ಸಡಿಲಿಸಬಹುದು. ಈ ನಿಯಮಕ್ಕೆ ಗಣೇಶ, ಈದ್, ಕ್ರಿಸ್‌ಮಸ್ ಯಾವುದೂ ಗೊತ್ತಿಲ್ಲ. ನವೆಂಬರ್ ತಿಂಗಳ ಆರ್ಕೆಸ್ಟ್ರಾ, ಮಕ್ಕಳ ಬರ್ತ್‌ಡೇ ಡಿಜೆ ಕೂಡ ಅದರಡಿಯೇ ಬರುತ್ತವೆ. ನೀವು ಮಾಡಬೇಕಾದದ್ದು ಒಂದೇ. ಈ ನಿಯಮವನ್ನು ಮೊದಲು ನಿಮ್ಮದೇ ಹಬ್ಬಕ್ಕೆ ಹಾಕಿ. ಕಮಿಟಿಯಲ್ಲಿ ಹಿಂದೂಗಳೇ ಜಾಸ್ತಿ ಇದ್ದರೆ ಗಣೇಶನ ಮೈಕು ಹತ್ತಕ್ಕೆ ಐದು ನಿಮಿಷ ಇರುವಾಗಲೇ ನಿಲ್ಲಲಿ. ಆಮೇಲೆ ರಂಜಾನ್ ರಾತ್ರಿ ಮಕ್ಕಳ ಗಲಾಟೆ ಬಗ್ಗೆ ಮಾತಾಡಿದರೆ ಯಾರೂ ಎದುರಾಡುವುದಿಲ್ಲ. ಅಲ್ಲದೆ ಆ ಮಕ್ಕಳ ತಾಯಂದಿರಿಗೂ ಅವು ಮೇಲೆ ಬಂದು ಮಲಗಿದರೆ ಸಾಕಾಗಿರುತ್ತದೆ.

ಹಬ್ಬದ ಕ್ಯಾಲೆಂಡರ್ ಬಗ್ಗೆ ಮಾತ್ರ ಸ್ವಲ್ಪ ನಿಧಾನವಾಗಿ ಹೇಳಬೇಕು. ಮುಸ್ಲಿಮರ ವರ್ಷ ಪೂರ್ತಿ ಚಂದ್ರನ ಲೆಕ್ಕ, ಸುಮಾರು 354 ದಿನ. ಹಾಗಾಗಿ ಅವರ ಹಬ್ಬಗಳು ಪ್ರತಿ ವರ್ಷ ಹತ್ತು ಹನ್ನೊಂದು ದಿನ ಹಿಂದಕ್ಕೆ ಸರಿಯುತ್ತವೆ. ನಮ್ಮ ಪಂಚಾಂಗವೂ ಚಂದ್ರನನ್ನೇ ನೋಡುತ್ತದೆ, ಆದರೆ ಎರಡೂವರೆ ಮೂರು ವರ್ಷಕ್ಕೊಮ್ಮೆ ಅಧಿಕ ಮಾಸ ಸೇರಿಸಿ ಹಬ್ಬವನ್ನು ಅದರ ಋತುವಿಗೇ ತಂದು ಕಟ್ಟುತ್ತದೆ. ಇದರಿಂದ ಎರಡು ಕಡೆಯ ಹಬ್ಬಗಳು ಕೆಲವು ವರ್ಷ ಅಕ್ಕಪಕ್ಕ ನಡೆದು ಆಮೇಲೆ ದೂರ ಹೋಗುತ್ತವೆ. 2023ರ ಸೆಪ್ಟೆಂಬರ್ 28ರಂದು ಅನಂತ ಚತುರ್ದಶಿಯೂ ಈದ್ ಮಿಲಾದೂ ಒಂದೇ ದಿನ ಬಿದ್ದವು. ಅವತ್ತು ಮುಂಬೈನಲ್ಲಿ ಗಣೇಶ ವಿಸರ್ಜನೆಯ ದೊಡ್ಡ ದಿನ. ಅಲ್ಲಿನ ಮುಸ್ಲಿಂ ಮುಖಂಡರು ತಮ್ಮ ಮೆರವಣಿಗೆಯನ್ನು ಮರುದಿನಕ್ಕೆ ಹಾಕಿಕೊಂಡರು, ಸರ್ಕಾರ ರಜೆಯನ್ನೂ ಬದಲಾಯಿಸಿತು. ಅದು ಸಾಧ್ಯವಾಗಿದ್ದು ಮುಂಚೆಯೇ ಕೂತು ದಿನ ನೋಡಿದ್ದರಿಂದ. ಮೆರವಣಿಗೆಯ ಹಿಂದಿನ ರಾತ್ರಿ ಈ ಮಾತು ಎತ್ತಿದ್ದರೆ ಯಾರು ಕೇಳುತ್ತಿದ್ದರು?

ನೀವೂ ಜನವರಿಯಲ್ಲೇ ಕ್ಲಬ್‌ಹೌಸ್, ಅಂಗಳ, ಲಿಫ್ಟ್, ಪಾರ್ಕಿಂಗ್ ಇಷ್ಟನ್ನು ಯಾವ ದಿನ ಯಾರು ಬಳಸುತ್ತಾರೆ ಅಂತ ಒಂದು ಹಾಳೆಯಲ್ಲಿ ಬರೆದು ನೋಟಿಸ್ ಬೋರ್ಡಿಗೆ ಹಾಕಿ. ಆ ಹಾಳೆಯಲ್ಲಿ ಪಂದ್ಯದ ದಿನ, ಮಕ್ಕಳ ಪರೀಕ್ಷೆಯ ದಿನಗಳೂ ಇರಲಿ. ಹತ್ತನೇ ತರಗತಿ ಪರೀಕ್ಷೆ ಅಂದರೆ ಎಲ್ಲ ಧರ್ಮದವರೂ ದನಿ ತಗ್ಗಿಸುತ್ತಾರೆ, ನಾನು ಕಂಡಿದ್ದೇನೆ.

ಈಗ ಕುರಿ. ಬೇಸ್‌ಮೆಂಟಿನಲ್ಲಿ ಕುರಿ ಕಟ್ಟುವುದು ತಪ್ಪು ಅಂತ ಬಹಳಷ್ಟು ಮುಸ್ಲಿಂ ಮನೆಯವರೂ ಒಪ್ಪುತ್ತಾರೆ, ಕೇಳಿ ನೋಡಿ. ಗಾಳಿ ಇಲ್ಲ, ಮೇವು ನೀರು ಕಷ್ಟ, ಹಿಕ್ಕೆ ಗುಡಿಸುವವರು ಯಾರು? ಎರಡು ದಿನ ಮುಂಚೆ ಕುರಿ ತಂದರೆ ಎಲ್ಲಿ ಕಟ್ಟುವುದು ಅನ್ನುವುದು ಅವರ ನಿಜವಾದ ಸಮಸ್ಯೆ. ಹಬ್ಬಕ್ಕೆ ಒಂದು ತಿಂಗಳು ಮುಂಚೆ ಅವರನ್ನೇ ಕೂರಿಸಿ ಕೇಳಿ. ಪರಿಚಯದವರ ತೋಟದಲ್ಲಿ ಬಿಡುವುದು, ಕೊಯ್ಯುವ ಕೆಲಸವನ್ನು ಪಾಲಿಕೆ ಗೊತ್ತು ಮಾಡಿದ ಜಾಗದಲ್ಲೇ ಮುಗಿಸುವುದು, ಮಾಂಸವನ್ನು ಮುಚ್ಚಿದ ಡಬ್ಬಿಯಲ್ಲಿ ತರುವುದು, ಇಂಥ ಉಪಾಯಗಳು ಅವರ ಬಾಯಿಂದಲೇ ಬರುತ್ತವೆ. ಜೈನ ಮನೆಯವರ ಸಂಕಟವನ್ನೂ ಅದೇ ಕೋಣೆಯಲ್ಲಿ ಹೇಳಲು ಬಿಡಿ. ಕಟ್ಟಿದ ಕುರಿಯ ಕೂಗು ಕೇಳುತ್ತಾ ಮಲಗುವುದು ಅವರಿಗೆ ನಿಜಕ್ಕೂ ನೋವು. ಅದನ್ನು ನಾಟಕ ಅನ್ನಬೇಡಿ.

ಇಲ್ಲಿ ಒಂದು ಅಡ್ಡ ಮಾತು. ಯುಗಾದಿಯ ಮರುದಿನ ಹೊಸತೊಡಕಿಗೆ ಹಳೇ ಮೈಸೂರು ಕಡೆ ಮಟನ್ ಅಂಗಡಿ ಮುಂದೆ ಬೆಳಗಿನ ಜಾವ ನಿಲ್ಲುವ ಸಾಲು ನೋಡಿದ್ದೀರಾ? ಹಳ್ಳಿಗಳಲ್ಲಿ ಹತ್ತು ಮನೆಯವರು ದುಡ್ಡು ಹಾಕಿ ಕುರಿ ತಂದು ಕೊಯ್ದು ಗುಡ್ಡೆ ಹಾಕಿ ಹಂಚಿಕೊಳ್ಳುತ್ತಾರೆ. ಬಕ್ರೀದ್ ಮಾಂಸವನ್ನೂ ಮೂರು ಪಾಲು ಮಾಡುತ್ತಾರೆ, ಮನೆಗೆ ಒಂದು, ನೆಂಟರಿಷ್ಟರಿಗೆ ಒಂದು, ಬಡವರಿಗೆ ಒಂದು. ಹಂಚುವ ಲೆಕ್ಕ ಬೇರೆ, ತಕ್ಕಡಿ ಒಂದೇ.

ಈ ಮಾತು ಯಾಕೆ ಬಂತು ಅಂದರೆ, ಸಸ್ಯಾಹಾರಿಗಳಿಗೆ ಮಾತ್ರ ಬಾಡಿಗೆ ಅನ್ನುವ ನಿಮ್ಮವರ ನಿಯಮಕ್ಕಾಗಿ. ಕೇಂದ್ರ ಸರ್ಕಾರದ 2014ರ ಸಮೀಕ್ಷೆಯ ಪ್ರಕಾರ ಕರ್ನಾಟಕದಲ್ಲಿ ಸಸ್ಯಾಹಾರಿಗಳು ಐದರಲ್ಲಿ ಒಬ್ಬರು, ಅಷ್ಟೇ. ನಿಯಮ ಮಾಡುವವರ ಮನಸ್ಸಿನಲ್ಲಿ ಒಂದು ಸಮುದಾಯ ಇರುತ್ತದೆ. ಬಲೆಗೆ ಬೀಳುವುದು ಒಕ್ಕಲಿಗರು, ಕುರುಬರು, ದಲಿತರು, ಕೊಡವರು, ಬಂಗಾಳಿ ಬ್ರಾಹ್ಮಣರು, ಎಲ್ಲರೂ. ಮೊಟ್ಟೆ ಲೆಕ್ಕಕ್ಕೆ ಬರುತ್ತದಾ? ಬೇಕರಿ ಕೇಕ್? ಲ್ಯಾಬ್ರಡಾರ್ ಸಾಕಿದ ಜೈನರ ಮನೆಯ ನಾಯಿಯ ಊಟ? ಇದನ್ನೆಲ್ಲ ಯಾರು ಮೂಸಿ ನೋಡುತ್ತಾರೆ, ಸೆಕ್ಯುರಿಟಿಯವರಾ?

ಸಭೆಯಲ್ಲಿ ಯಾರಾದರೂ ಸುಪ್ರೀಂ ಕೋರ್ಟ್ ತೀರ್ಪು ಇದೆ ಅಂತ ಎದ್ದು ನಿಲ್ಲಬಹುದು. ಇದೆ. 2005ರಲ್ಲಿ ಗುಜರಾತಿನ ಒಂದು ಪಾರ್ಸಿ ಗೃಹ ಸಹಕಾರ ಸಂಘ ತನ್ನ ಸದಸ್ಯತ್ವವನ್ನು ಪಾರ್ಸಿಗಳಿಗೆ ಮಾತ್ರ ಇಟ್ಟುಕೊಳ್ಳಬಹುದು ಅಂತ ಕೋರ್ಟ್ ಹೇಳಿತು. ಆದರೆ ಅದು ಶುರುವಿನಿಂದಲೂ ಒಂದು ಸಮುದಾಯಕ್ಕೆ ಅಂತಲೇ ಹುಟ್ಟಿದ ಸಂಘ. ನಿಮ್ಮಲ್ಲಿ 64 ಮಂದಿ ಅಂಥ ಷರತ್ತಿಲ್ಲದೆ ದುಡ್ಡು ಕೊಟ್ಟು ಮನೆ ತಗೊಂಡಿದ್ದಾರೆ. ಈ ವ್ಯತ್ಯಾಸ ಎಷ್ಟು ದೊಡ್ಡದು ಅಂತ ನಿಯಮ ಬರೆಯುವ ಮೊದಲು ವಕೀಲರ ಹತ್ತಿರ ಕೇಳಿ. ನಾನು ಹೇಳುವುದು ಕೆಲಸದ ಅನುಭವದಿಂದ: ಇಂಥ ನಿಯಮ ಬಂದ ದಿನದಿಂದ ಆ ಕಟ್ಟಡದಲ್ಲಿ ಪ್ರತಿಯೊಂದು ಒಗ್ಗರಣೆಯೂ ಸಾಕ್ಷ್ಯ ಆಗಿಬಿಡುತ್ತದೆ.

ಇನ್ನು 'ಮೊದಲೆಲ್ಲ ಚೆನ್ನಾಗಿತ್ತು' ಅಂದಿರಿ. ಇದನ್ನು ಎಲ್ಲ ಕಡೆ ಕೇಳುತ್ತೇನೆ. ಸೌಹಾರ್ದದ ವೇದಿಕೆಗಳಲ್ಲಂತೂ ಗುರು ಗೋವಿಂದ ಭಟ್ಟರು, ಶಿಶುನಾಳ ಷರೀಫರು, ಬೆಂಗಳೂರು ಕರಗ ತವಕ್ಕಲ್ ಮಸ್ತಾನ್ ದರ್ಗಾಕ್ಕೆ ಹೋಗುವುದು, ಇಷ್ಟು ಬಂದೇ ಬರುತ್ತವೆ. ಎಲ್ಲವೂ ನಿಜ, ಎಲ್ಲವೂ ದೊಡ್ಡದು. ಆದರೆ ವರ್ಷಕ್ಕೊಮ್ಮೆ ಹೋಗುವ ಕರಗ ಪ್ರತಿ ಶನಿವಾರದ ಪಾರ್ಕಿಂಗ್ ಜಗಳ ಬಿಡಿಸುವುದಿಲ್ಲ.

ನನ್ನ ಊರು ಕೊಪ್ಪಳದ ಕಡೆ. ನಮ್ಮಲ್ಲಿ ಮೊಹರಂ ಅಂದರೆ ಊರ ಹಬ್ಬ. ಬೆಂಕಿ ಹಾಕಿ ಸುತ್ತ ಹೆಜ್ಜೆ ಹಾಕುವ ಗುಂಡಿ, ಅಂದರೆ ಅಲಾಯಿ ಕುಣಿ ತೋಡುವ ಮನೆತನ ಒಂದು, ಕಟ್ಟಿಗೆ ಕೊಡುವವರು ಗೌಡರ ಮನೆಯವರು, ಹಲಗೆ ಬಾರಿಸುವವರು ದಲಿತ ಕೇರಿಯವರು, ದೇವರು ಹೊರುವವರು ಇನ್ನೊಂದು ಮನೆತನ. ಪ್ರವಾದಿಯ ಮೊಮ್ಮಗ ಹುಸೇನರು ಮಡಿದ ಕರ್ಬಲಾ ಕಾಳಗದ ಕಥೆಯನ್ನು ಕನ್ನಡದ ರಿವಾಯತ ಪದದಲ್ಲಿ ಹಾಡುವವರಲ್ಲಿ ಲಿಂಗಾಯತರೂ ಇದ್ದರು, ಕುರುಬರೂ ಇದ್ದರು. ಎಲ್ಲರ ಮನೆಯಲ್ಲೂ ಚೊಂಗೆ ಅನ್ನುವ ಸಿಹಿ. ನಮ್ಮ ಸುತ್ತ ಮುಸ್ಲಿಮರ ಮನೆ ಒಂದೂ ಇಲ್ಲದ ಊರುಗಳಲ್ಲೂ ಪೀರಲ ದೇವರು, ಅಂದರೆ ಮೊಹರಂನ ಪಂಜಾಗಳು, ಕೂರುತ್ತಿದ್ದವು. ನಮ್ಮ ಅಜ್ಜಿಗೆ ಹುಸೇನರ ಹೆಸರಿನ ಹರಕೆ ಇತ್ತು. ಯಾಕಮ್ಮ ಅಂದರೆ "ಸಾಲ್ಯಾಗ ಇದನ್ನ ಕಲಿಸಂಗಿಲ್ಲೇನು?" ಅನ್ನುತ್ತಿದ್ದಳು.

ಅದು ನಡೆಯುತ್ತಿದ್ದದ್ದು ಒಬ್ಬರಿಗೊಬ್ಬರು ತುಂಬಾ ಪ್ರೀತಿ ಅಂತ ಅಲ್ಲ. ಎಲ್ಲರಿಗೂ ಒಂದೊಂದು ಕೆಲಸ ಇತ್ತು. ಗೌಡರು ಕಟ್ಟಿಗೆ ಕೊಡದಿದ್ದರೆ ಬೆಂಕಿ ಇಲ್ಲ, ಹಲಗೆ ಇಲ್ಲದಿದ್ದರೆ ಹೆಜ್ಜೆ ಇಲ್ಲ. ಆದರೆ ಪೂರ್ತಿ ಸತ್ಯ ಹೇಳಬೇಕಲ್ಲ. ಅದೇ ಊರಿನ ಚಾ ಅಂಗಡಿಯಲ್ಲಿ ಹಲಗೆ ಬಾರಿಸುವವರಿಗೆ ಬೇರೆ ಲೋಟ ಇತ್ತು. ಹಬ್ಬದ ರಾತ್ರಿ ಮುಂದೆ ನಡೆದವರು ಬೆಳಿಗ್ಗೆ ಹೊರಗೆ ನಿಂತು ಚಾ ಕುಡಿಯುತ್ತಿದ್ದರು. ಆ ಹಳೆಯ ಹೊಂದಾಣಿಕೆಗೆ ಹಂಚಿಕೊಂಡ ಕೆಲಸ ಒಂದು ಕಾಲು, ಯಾರ ಜಾಗ ಯಾವುದು ಅಂತ ಮೊದಲೇ ಗೊತ್ತಿದ್ದದ್ದು ಇನ್ನೊಂದು ಕಾಲು. ಎರಡನೆಯದು ನಮಗೆ ಬೇಡ.

ನಿಮ್ಮ ಅಪಾರ್ಟ್‌ಮೆಂಟ್ ಇದಕ್ಕೆ ತದ್ವಿರುದ್ಧ. ಎಲ್ಲರೂ ಒಂದೇ ದರದಲ್ಲಿ ಮೇಂಟೆನೆನ್ಸ್ ಕಟ್ಟುತ್ತೀರಿ, ಒಂದೊಂದು ಮನೆಗೆ ಒಂದೊಂದು ಮತ. ಸಮಾನತೆ ಇದೆ, ಕೆಲಸ ಇಲ್ಲ. ನೀರು ಟ್ಯಾಂಕರ್‌ನವರು ತರುತ್ತಾರೆ, ಕಸ ಇನ್ನೊಬ್ಬರು ಒಯ್ಯುತ್ತಾರೆ. ಒಬ್ಬರಿಗೊಬ್ಬರು ಬೇಕಾಗುವುದೇ ಇಲ್ಲ. ಮುಖ ನೋಡುವುದು ಜಗಳದ ದಿನ ಮಾತ್ರ. ಬೇರೆ ಬೇರೆ ಜನ ಹತ್ತಿರ ಬಂದರೆ ಪೂರ್ವಗ್ರಹ ಯಾವಾಗ ಕಡಿಮೆಯಾಗುತ್ತದೆ ಅಂತ ಅಮೆರಿಕದ ಮನಃಶಾಸ್ತ್ರಜ್ಞ ಗಾರ್ಡನ್ ಆಲ್‌ಪೋರ್ಟ್ 1954ರಲ್ಲೇ ಬರೆದಿದ್ದರು. ಸಮಾನ ಸ್ಥಾನ, ಒಂದೇ ಗುರಿ, ಕೂಡಿ ಮಾಡುವ ಕೆಲಸ, ಮೇಲಿನವರ ಬೆಂಬಲ, ಈ ನಾಲ್ಕು ಬೇಕು ಅಂದರು. ಸುಮ್ನೆ ಒಂದೇ ಲಿಫ್ಟಿನಲ್ಲಿ ಹೋದರೆ ಸಾಲದು.

ಉತ್ತರ ಪ್ರದೇಶದಲ್ಲಿ ಇದನ್ನು ಕ್ರಿಕೆಟ್ ಮೂಲಕ ಪರೀಕ್ಷೆ ಮಾಡಿದರು. ಬೇರೆ ಬೇರೆ ಜಾತಿಯ ಸಾವಿರಕ್ಕೂ ಹೆಚ್ಚು ಯುವಕರನ್ನು ಸೇರಿಸಿ ಲೀಗ್ ಆಡಿಸಿದರು. ಒಂದೇ ತಂಡದಲ್ಲಿ ಬೇರೆ ಜಾತಿಯವರ ಜೊತೆ ಆಡಿದವರಲ್ಲಿ ಜಾತಿ ದಾಟಿದ ಸ್ನೇಹ ಹೆಚ್ಚಾಯಿತು. ಎದುರಾಳಿಗಳಾಗಿ ಮಾತ್ರ ಆಡಿದವರಲ್ಲಿ ಕಡಿಮೆಯಾಯಿತು. ಹಾಗಾಗಿ ಪಂದ್ಯ ಇಡುವುದಾದರೆ ಬ್ಲಾಕ್ ಪ್ರಕಾರ ತಂಡ ಮಾಡಿ, ಇಲ್ಲಾ ಚೀಟಿ ಎತ್ತಿ. ಗೆಳೆಯರ ಗುಂಪುಗಳೇ ತಂಡ ಕಟ್ಟಿಕೊಳ್ಳಲು ಬಿಡಬೇಡಿ.

ಕ್ರಿಕೆಟ್ಟಿಗಿಂತ ನನಗೆ ನಂಬಿಕೆ ಇರುವುದು ಭಿವಂಡಿ ಮಾದರಿಯಲ್ಲಿ. ಮುಂಬೈ ಪಕ್ಕದ ಪವರ್‌ಲೂಮ್ ಊರು ಅದು. ಹಿಂದೂ ಮುಸ್ಲಿಂ ಗಲಭೆಗೆ ಹೆಸರಾಗಿತ್ತು, 1984ರಲ್ಲಿ ತುಂಬಾ ಜನ ಸತ್ತರು. 1988ರ ಹೊತ್ತಿಗೆ ಅಲ್ಲಿಗೆ ಪೊಲೀಸ್ ಅಧಿಕಾರಿಯಾಗಿ ಬಂದ ಸುರೇಶ್ ಖೋಪಡೆ ಮೊಹಲ್ಲಾ ಸಮಿತಿಗಳನ್ನು, ಅಂದರೆ ಕೇರಿ ಸಮಿತಿಗಳನ್ನು ಕಟ್ಟಿದರು. ಎರಡೂ ಸಮುದಾಯದವರು ಇದ್ದ ಸಮಿತಿಗಳು. ಗಣ್ಯರು ಮಾತ್ರ ಅಲ್ಲ, ಸಾಮಾನ್ಯರೂ ಇದ್ದರು. ಗಲಭೆ ಆಗುವ ತನಕ ಕಾಯದೆ ಸುಮ್ಮನಿರುವ ದಿನಗಳಲ್ಲೂ ಸೇರಿ ಕೇರಿಯ ಸಣ್ಣಪುಟ್ಟ ತಕರಾರುಗಳನ್ನು ಬಗೆಹರಿಸುತ್ತಿದ್ದರು. 1992ರ ಡಿಸೆಂಬರ್ ಮತ್ತು 1993ರ ಜನವರಿಯಲ್ಲಿ ಮುಂಬೈ ಹೊತ್ತಿ ಉರಿದಾಗ ಭಿವಂಡಿ ತಣ್ಣಗಿತ್ತು. ಗಾಳಿಸುದ್ದಿ ಬಂದಾಗ ಯಾರನ್ನು ಕೇಳಬೇಕು ಅಂತ ಗೊತ್ತಿತ್ತು. ಆಚೆ ಕೇರಿಯಲ್ಲಿ ಹೆಸರು ಹಿಡಿದು ಕರೆಯುವ ಗುರುತಿನವರು ಇದ್ದರು.

ನಿಮಗೆ ಬೇಕಿರುವುದು ಇದರ ಚಿಕ್ಕ ರೂಪ. ನೀರು, ಕಸ, ಸದ್ದು, ಲಿಫ್ಟ್, ಒಂದೊಂದಕ್ಕೂ ಇಬ್ಬರು. ಆ ಇಬ್ಬರು ಬೇರೆ ಬೇರೆ ಮಹಡಿ, ಬೇರೆ ಬೇರೆ ಹಿನ್ನೆಲೆಯವರು. ಗಂಡಸರೇ ತುಂಬಬೇಡಿ. ಯಾರ ಮನೆಯಲ್ಲಿ ಯಾರಿಗೆ ಹುಷಾರಿಲ್ಲ, ಯಾರ ಮಗು ಯಾರ ಮನೆಯಲ್ಲಿ ಆಡುತ್ತದೆ ಅಂತ ಗೊತ್ತಿರುವುದು ಹೆಂಗಸರಿಗೇ. ದೂರು ಇದ್ದರೆ ಮೊದಲು ಆ ಇಬ್ಬರಿಗೆ, ಬಾಯಿಮಾತಿನಲ್ಲಿ. ವಾಟ್ಸ್ಆ್ಯಪ್ ಗುಂಪಿನಲ್ಲಿ ದೂರು ಹಾಕುವಂತಿಲ್ಲ, ಟ್ಯಾಂಕರ್ ಬಂತು, ಕರೆಂಟ್ ಹೋಯಿತು ಅನ್ನುವುದಕ್ಕೆ ಮಾತ್ರ ಆ ಗುಂಪು. ಗುಂಪಿನಲ್ಲಿ ಬರೆದವರು ಪಕ್ಕದ ಮನೆಯವರಿಗೆ ಬರೆಯುತ್ತಿರುವುದಿಲ್ಲ, ನೋಡುತ್ತಿರುವ 63 ಮನೆಗಳಿಗೆ ಬರೆಯುತ್ತಿರುತ್ತಾರೆ. ಅಲ್ಲಿ ಹಿಂದೆ ಸರಿಯುವುದು ಯಾರಿಗೂ ಆಗುವುದಿಲ್ಲ. 2023ರ ಮಧ್ಯಸ್ಥಿಕೆ ಕಾಯ್ದೆಯಲ್ಲಿ ನೆರೆಹೊರೆಯ ನೆಮ್ಮದಿ ಕೆಡಿಸುವ ಜಗಳಗಳಿಗೆ ಅಂತ ಒಂದು ಅಧ್ಯಾಯವೇ ಇದೆ. ಅದರಲ್ಲೂ ಒಬ್ಬರಲ್ಲ, ಮೂವರು ಮಧ್ಯಸ್ಥರು ಕೂರಬೇಕು. ಅವರು ಮಾಡಿಸಿದ ಒಪ್ಪಂದ ಕೋರ್ಟ್ ಡಿಕ್ರಿಯಂತೆ ಜಾರಿಯಾಗುವುದಿಲ್ಲ, ಕೊಟ್ಟ ಮಾತಿನ ಮೇಲೆ ನಿಲ್ಲುತ್ತದೆ.

ಭಾಷೆಯ ವಿಷಯ ನೀವು ಕೇಳಿಲ್ಲ, ಆದರೆ ಇದ್ದೇ ಇರುತ್ತದೆ. 2011ರ ಜನಗಣತಿಯಲ್ಲೇ ಬೆಂಗಳೂರು ಜಿಲ್ಲೆಯಲ್ಲಿ ಕನ್ನಡ ಮಾತೃಭಾಷೆಯವರು ಅರ್ಧಕ್ಕಿಂತ ಕಡಿಮೆ ಇದ್ದರು. ನೋಟಿಸ್ ಕನ್ನಡದಲ್ಲಿ ಮೊದಲು, ಇಂಗ್ಲಿಷಿನಲ್ಲಿ ಆಮೇಲೆ ಬರಲಿ. ಸಭೆಯಲ್ಲಿ ಯಾರಿಗಾದರೂ ಅರ್ಥವಾಗದಿದ್ದರೆ ಪಕ್ಕದವರು ಹೇಳಿಕೊಡಲಿ. ಜಾಸ್ತಿ ಎಳೆಯಬೇಡಿ.

ಇಷ್ಟೆಲ್ಲ ಹೇಳಿ ಒಂದು ಕಹಿ ಮಾತು ಬಿಟ್ಟರೆ ತಪ್ಪಾಗುತ್ತದೆ. ಕೆಲವು ಸಲ ಜಗಳ ನಿಜವಾಗಿಯೂ ಧರ್ಮದ್ದೇ ಆಗಿರುತ್ತದೆ. ವಾಸನೆ, ಸದ್ದು ಬರೀ ನೆಪ. ಹೇಗೆ ಗೊತ್ತಾಗುತ್ತದೆ? ಶಾಫ್ಟ್ ರಿಪೇರಿ ಮಾಡಿಸಿ. ಕಸ ಸಂಜೆಯೇ ಹೋಗಲಿ. ಮೈಕು ಹತ್ತಕ್ಕೆ ನಿಲ್ಲಲಿ. ಇಷ್ಟಾದ ಮೇಲೂ ದೂರು ಅಷ್ಟೇ ಜೋರಾಗಿ ಬರುತ್ತಿದ್ದರೆ ಅದು ವಾಸನೆಯ ದೂರು ಆಗಿರಲೇ ಇಲ್ಲ. ಆಗ ಮಧ್ಯದಲ್ಲಿ ನಿಂತು ಎರಡೂ ಕಡೆ ತಲೆ ಅಲ್ಲಾಡಿಸಬೇಡಿ. ಒಂದು ಮನೆಯವರನ್ನು ಅವರು ಯಾರು ಅನ್ನುವ ಕಾರಣಕ್ಕೆ ಓಡಿಸುವುದಕ್ಕೆ ಈ ಸಂಘ ಒಪ್ಪುವುದಿಲ್ಲ ಅಂತ ಕಾರ್ಯದರ್ಶಿಯಾಗಿ ಬರೆದು ಸಹಿ ಹಾಕಿ. ಆಲ್‌ಪೋರ್ಟ್ ಹೇಳಿದ ಮೇಲಿನವರ ಬೆಂಬಲ ಅಂದರೆ ನಿಮ್ಮಲ್ಲಿ ಅದು ನೀವೇ. ಬೆದರಿಕೆ, ಧರ್ಮದ ಹೆಸರಿನಲ್ಲಿ ದ್ವೇಷ ಹರಡುವ ಮೆಸೇಜು ಬಂದರೆ ಸ್ಕ್ರೀನ್‌ಶಾಟ್ ಇಟ್ಟುಕೊಂಡು ಪೊಲೀಸ್ ಠಾಣೆಗೆ ಹೋಗಿ. ಹಳೆಯ ಐಪಿಸಿಯಲ್ಲಿ 153ಎ ಇತ್ತು, ಈಗ ಭಾರತೀಯ ನ್ಯಾಯ ಸಂಹಿತೆಯಲ್ಲಿ 196ನೇ ಕಲಂ ಇದೆ. ಅದು ಮಧ್ಯಸ್ಥಿಕೆಗೆ ಬರುವ ವಿಷಯವಲ್ಲ.

ನನ್ನ ಅನುಭವದಲ್ಲಿ ಅಂಥವರು ಒಂದು ಕಟ್ಟಡದಲ್ಲಿ ಎರಡೋ ಮೂರೋ ಮನೆ. ಉಳಿದವರಿಗೆ ನಿಜಕ್ಕೂ ವಾಸನೆಯೇ ತೊಂದರೆ, ನಿದ್ದೆಯೇ ತೊಂದರೆ. ಅವರ ತೊಂದರೆ ತೀರಿಸಿದರೆ ಆ ಎರಡು ಮೂರು ಮನೆಯವರ ಹಿಂದೆ ನಿಲ್ಲುವವರು ಇರುವುದಿಲ್ಲ.

ಹಾಗಾಗಿ ಸಭೆಯ ವಿಷಯಪಟ್ಟಿಯಲ್ಲಿ ಬಾಡಿಗೆ ನಿಯಮವನ್ನು ಕೊನೆಗೆ ಹಾಕಿ, ಶಾಫ್ಟ್ ರಿಪೇರಿಯನ್ನು ಮೊದಲು ಹಾಕಿ. ಅಷ್ಟರೊಳಗೆ ಪ್ಲಂಬರ್ ಬಂದು ಹೋಗಿರಲಿ, ಅಂದಾಜು ಪಟ್ಟಿ ಕೈಯಲ್ಲಿರಲಿ. ಟೆರೇಸಿಗೆ ಹತ್ತುವಾಗ ಮೀನಿನ ಮನೆಯವರನ್ನೂ ದೂರು ಕೊಟ್ಟವರನ್ನೂ ಜೊತೆಯಲ್ಲೇ ಕರೆದುಕೊಂಡು ಹೋಗಿ. ಸ್ವಾಮೀಜಿ, ಮೌಲ್ವಿ, ಫಾದರ್ ಕಾರ್ಯಕ್ರಮ ಆಮೇಲೆ ಇಟ್ಟುಕೊಳ್ಳಿ, ನಾನೂ ಬರುತ್ತೇನೆ. ಅವರ ಮೈಕೂ ಹತ್ತಕ್ಕೆ ನಿಲ್ಲಬೇಕು ಅಂತ ಮೊದಲೇ ಹೇಳಿಬಿಡಿ.